ಗೋಧಿ ಆಗದವನ ಕೇಕು

ಬೇಡದ್ದನ್ನು ಬೇಡವೆನ್ನುವುದಕ್ಕೆ ಕಾಯಿಲೆಯಷ್ಟು ಅನುಕೂಲವಾದ ಸಾಧನ ಇನ್ನೊಂದಿಲ್ಲ. 'ಬೇಡ' ಎಂದರೆ ಮುಖ ಸಣ್ಣ ಮಾಡಿಕೊಳ್ಳುವವರು, 'ಡಾಕ್ಟರು ಬೇಡ ಅಂದಿದ್ದಾರೆ' ಎಂದರೆ ಮರುಮಾತಾಡದೆ ತಟ್ಟೆ ಹಿಂದಕ್ಕೆ ತೆಗೆದುಕೊಳ್ಳುತ್ತಾರೆ, ಜೊತೆಗೆ ಒಂದಿಷ್ಟು ಕನಿಕರವನ್ನೂ ಬಡಿಸಿ ಹೋಗುತ್ತಾರೆ. ಇದನ್ನು ಕಂಡುಕೊಂಡ ದಿನ ನಾನು ಬಹಳ ಬುದ್ಧಿವಂತನೆಂದು ನನಗೆ ನಾನೇ ಬೆನ್ನು ತಟ್ಟಿಕೊಂಡಿದ್ದೆ. ಆ ಬುದ್ಧಿವಂತಿಕೆಯ ಫಲವಾಗಿ ಐವತ್ತಾರನೆಯ ವಯಸ್ಸಿನಲ್ಲಿ, ಅದುವರೆಗೆ ಒಂದು ಲೋಟ ಕಾಫಿಯನ್ನೂ ನೆಟ್ಟಗೆ ಬೆರೆಸಿ ಗೊತ್ತಿಲ್ಲದ ನಾನು, ಗೋಧಿ ಸೋಂಕದ, ಮೈದಾ ಮುಟ್ಟದ, ನೆತ್ತಿಯ ಮೇಲೆ ತೆಂಗಿನಕಾಯಿ ಹೊದ್ದ ಚಾಕೊಲೇಟ್ ಕೇಕನ್ನು ಒಂದೇ ವಾರದಲ್ಲಿ ಮೂರು ಸಲ ಬೇಯಿಸಬೇಕಾಯಿತು.

ನಾನು ಸುಲ್ತಾನ್‌ಪೇಟೆಯಲ್ಲಿ ಮದುವೆ ಕಾರ್ಡು ಮಾಡಿಕೊಡುವ ಅಂಗಡಿಯೊಂದರಲ್ಲಿ ಕರಡು ತಿದ್ದುವವನು. ವಧುವಿನ ಹೆಸರಿನ ಮುಂದೆ 'ಚಿ. ಸೌ.' ಬಿದ್ದಿದೆಯೇ, ಮುಹೂರ್ತದ ದಿನವೂ ವಾರವೂ ತಾಳೆಯಾಗುತ್ತವೆಯೇ, ತೀರಿಕೊಂಡ ಅಜ್ಜನನ್ನು 'ಸುಖಾಗಮನ ಬಯಸುವವರು' ಪಟ್ಟಿಗೆ ಸೇರಿಸಿಬಿಟ್ಟಿದ್ದಾರೆಯೇ ಎಂದು ಕಣ್ಣಲ್ಲಿ ಕಣ್ಣಿಟ್ಟು ನೋಡುವುದು ನನ್ನ ಕೆಲಸ. ಅದಕ್ಕೇ ಅಂಗಡಿಯಲ್ಲಿ ಎಲ್ಲರಿಗೂ ನಾನು 'ಮೇಷ್ಟ್ರು'. ಅಂಗಡಿಯ ಯಜಮಾನಿ ಗೌರಮ್ಮನವರು. ಮೂರು ತಲೆಮಾರಿನಿಂದ ಪೇಟೆಯಲ್ಲಿ ವ್ಯಾಪಾರ ಮಾಡಿಕೊಂಡು ಬಂದ ಮನೆತನ. ಹಣೆಯ ತುಂಬ ವಿಭೂತಿ, ಬಾಯ ತುಂಬ ಮಾತು, ಕೈ ತುಂಬ ತಿಂಡಿ. ಆರು ವರ್ಷಗಳ ಹಿಂದೆ ಅವರ ಸೊಸೆ ಮನೆಗೆ ಒಂದು ಓವನ್ ತಂದಳು. ಗೌರಮ್ಮನವರು ಗೋಧಿ ಹಿಟ್ಟಿನ ಬಿಸ್ಕತ್ತು ಮಾಡಲು ಕಲಿತರು. ಪ್ರತಿ ಶನಿವಾರ ಒಂದು ಡಬ್ಬಿ ಬಿಸ್ಕತ್ತು ಅಂಗಡಿಗೆ ಬರತೊಡಗಿತು. ಮೂರನೆಯ ಶನಿವಾರ ಅದರಲ್ಲೊಂದನ್ನು ಕಡಿದಾಗ ಮುರಿದದ್ದು ಬಿಸ್ಕತ್ತಲ್ಲ, ನನ್ನ ಎಡಗಡೆಯ ದವಡೆ ಹಲ್ಲು. ನಾಲ್ಕನೆಯ ಶನಿವಾರ ಡಬ್ಬಿ ನನ್ನ ಮೇಜಿನ ಹತ್ತಿರ ಬಂದಾಗ ಬಾಯಿಂದ ತಾನಾಗಿ ಹೊರಬಿತ್ತು: "ಅಮ್ಮಾ, ನನಗೆ ಗೋಧಿ ಆಗಿಬರಲ್ಲ. ಡಾಕ್ಟ್ರು ಮುಟ್ಟಲೇಬಾರದು ಅಂದ್ಬಿಟ್ಟಿದಾರೆ."

"ಅಯ್ಯೋ ಶಿವನೇ! ಮೊದಲೇ ಹೇಳ್ಬಾರ್ದಾ ಮೇಷ್ಟ್ರೇ?" ಎಂದು ಅವರು ಎದೆ ಮೇಲೆ ಕೈಯಿಟ್ಟುಕೊಂಡರು. ಸಂಜೆಯ ಹೊತ್ತಿಗೆ ನನ್ನ ಕಾಯಿಲೆ ಇಡೀ ಗಲ್ಲಿಗೆ ಗೊತ್ತಾಗಿತ್ತು. ಅಂದಿನಿಂದ ಗಿರಾಕಿಗಳು ತಂದ ಚಿರೋಟಿ, ಬಾದಾಮಿ ಪೂರಿ ಎಲ್ಲವೂ ನನ್ನ ಮೂಗಿನ ಮುಂದೆಯೇ ಹಾದು ಬೇರೆಯವರ ಬಾಯಿ ಸೇರಿದವು. ಆರು ವರ್ಷ ಮಧ್ಯಾಹ್ನಕ್ಕೆ ನಾನು ಮೊಸರನ್ನ ತಿಂದೆ. ರಾತ್ರಿ ಊಟಕ್ಕೆ ಚಾಮರಾಜಪೇಟೆಯ ಮನೆಯಲ್ಲಿ ಮಾತ್ರ ಮೂರು ಚಪಾತಿ. ನನ್ನ ಹೆಂಡತಿ ಸುಧಾ ಲಟ್ಟಣಿಗೆ ಹಿಡಿದೇ ಕೇಳುತ್ತಿದ್ದಳು: "ರೋಗಿಗಳಿಗೆ ಇನ್ನೊಂದು ಹಾಕ್ಲಾ?" ಒಮ್ಮೆ ಆಸೆ ತಡೆಯಲಾರದೆ ಅವೆನ್ಯೂ ರಸ್ತೆಯ ಹಳೇ ಪುಸ್ತಕದಂಗಡಿಯ ಮುಂದೆ ನಿಂತು, ದಪ್ಪನೆಯ ಪುಸ್ತಕವೊಂದನ್ನು ಬಿಡಿಸಿ ಹಿಡಿದು, ಅದರ ಮರೆಯಲ್ಲಿ ಖಾರಾ ಬನ್ ತಿಂದೆ. "ಎಷ್ಟು ಹೊತ್ತು ಬೇಕಾದ್ರೂ ಓದಿ ಸಾರ್," ಎಂದ ಅಂಗಡಿಯವನು, "ಪುಟದ ಮೇಲೆ ಈರುಳ್ಳಿ ಬೀಳಿಸ್ಬೇಡಿ."

ಹೀಗೆ ಸುಖವಾಗಿಯೇ ನಡೆದಿತ್ತು ನನ್ನ ರೋಗ. ಈ ವರ್ಷ ಕಂಪ್ಯೂಟರಿನಲ್ಲಿ ಕಾರ್ಡಿನ ವಿನ್ಯಾಸ ಮಾಡಲು ಚೈತ್ರಾ ಎಂಬ ಹುಡುಗಿ ಬಂದಳು. ಮನೆ ಶೇಷಾದ್ರಿಪುರಂ, ಇಪ್ಪತ್ತಾರು ವಯಸ್ಸು, ಚುರುಕು. ಮೊದಲ ದಿನವೇ ಗೌರಮ್ಮನವರು ಉಪ್ಪಿಟ್ಟಿನ ತಟ್ಟೆ ಮುಂದೆ ಹಿಡಿದರು. ಅವಳು ಕೈ ಮುಗಿದಳು. "ಅಮ್ಮಾ, ನನಗೆ ಗೋಧಿ, ಮೈದಾ, ರವೆ ಯಾವುದೂ ಆಗಲ್ಲ. ಚೂರು ಹೊಟ್ಟೆಗೆ ಹೋದ್ರೂ ನಾಲ್ಕು ದಿನ ಏಳೋಕಾಗಲ್ಲ."

ಗೌರಮ್ಮನವರ ಮುಖ ಹಬ್ಬದ ದಿನದ ಹಾಗೆ ಅರಳಿತು. "ನಮ್ಮ ಮೇಷ್ಟ್ರಿಗೂ ಅದೇ ಕಣಮ್ಮ! ಆರು ವರ್ಷದಿಂದ ಒಂದು ದಿನ ಪಥ್ಯ ಮುರಿದಿಲ್ಲ."

"ಸಾರ್, ನಿಮಗೂನಾ?" ಎಂದು ಚೈತ್ರಾ ನನ್ನ ಕಡೆ ತಿರುಗಿದಳು. ಪರವೂರಿನ ಬಸ್‌ಸ್ಟ್ಯಾಂಡಿನಲ್ಲಿ ಸ್ವಂತ ಚಿಕ್ಕಪ್ಪ ಸಿಕ್ಕಿದವಳ ಹಾಗಿತ್ತು ಅವಳ ಮುಖ. ಆಗಲೇ ನಿಜ ಹೇಳಿಬಿಡಬೇಕಾಗಿತ್ತು. ನಾನು ಗಂಭೀರವಾಗಿ ತಲೆಯಾಡಿಸಿದೆ.

ಅಲ್ಲಿಂದ ಮಧ್ಯಾಹ್ನದ ಊಟಕ್ಕೆ ಅವಳು ನನ್ನ ಪಕ್ಕವೇ ಕೂರತೊಡಗಿದಳು. ಒಂದು ದಿನ ಕೇಳಿದಳು: "ಸಾರ್, ನೀವು ಯಾವ ಇಂಗು ತರ್ತೀರ? ಅಂಗಡಿ ಇಂಗಲ್ಲಿ ಮೈದಾ ಬೆರೆಸಿರ್ತಾರಲ್ಲ." ನನ್ನ ಬಾಯಲ್ಲಿ ಆಗ ಘಮಘಮಿಸುವ ಇಂಗಿನ ಒಗ್ಗರಣೆಯ ಮೊಸರನ್ನವಿತ್ತು. "ನಮ್ಮನೇಲಿ ಇಂಗೇ ಹಾಕಲ್ಲಮ್ಮ," ಎಂದು ಬಾಯಿ ಆದಷ್ಟು ಕಡಿಮೆ ತೆರೆದು ಹೇಳಿದೆ. ಇನ್ನೊಂದು ದಿನ, ಹುಟ್ಟುಹಬ್ಬಕ್ಕೆ ಕೇಕು ಕತ್ತರಿಸಿ ನಾಲ್ಕು ವರ್ಷವಾಯಿತು, ಬೇಕರಿಯವರು ಗ್ಲುಟೆನ್, ಅಂದರೆ ಗೋಧಿಯ ಅಂಟು, ಇಲ್ಲ ಎಂದರೂ ನಂಬಲು ಧೈರ್ಯ ಬರುವುದಿಲ್ಲ ಎಂದಳು. ಅನುಭವಸ್ಥನ ಗತ್ತಿನಲ್ಲಿ ನಾನು, "ಅದಕ್ಕೇನು ಮಹಾ, ನಾನು ಅಕ್ಕಿ ಹಿಟ್ಟಲ್ಲೇ ಕೇಕ್ ಮಾಡ್ಕೋತೀನಿ," ಎಂದೆ. ಗಲ್ಲಾದ ಹಿಂದಿನಿಂದ ಗೌರಮ್ಮನವರ ದನಿ ಬಂತು: "ಮತ್ತಿನ್ನೇನು? ಮುಂದಿನ ಶುಕ್ರವಾರ ಹುಡುಗಿ ಹುಟ್ಟಿದಹಬ್ಬ. ಮೇಷ್ಟ್ರು ಕೇಕ್ ತರ್ತಾರೆ!"

ಮನೆಗೆ ಬಂದು ಹೇಳಿದಾಗ ಸುಧಾ ನಗುತ್ತ ನಗುತ್ತ ಅಡುಗೆಮನೆಯ ಸ್ಟೂಲಿನ ಮೇಲೆ ಕೂತೇಬಿಟ್ಟಳು. ಆಮೇಲೆ, "ನೀವೇ ಒಪ್ಕೊಂಡಿದ್ದು, ನೀವೇ ಮಾಡಿ. ನಾನು ನೋಡ್ತಾ ಕೂತಿರ್ತೀನಿ," ಎಂದಳು. ಭಾನುವಾರ ಬೆಳಿಗ್ಗೆ ಬೀದಿ ಕೊನೆಯ ಗಿರಣಿಯಲ್ಲಿ ಅಕ್ಕಿ ಬೀಸಿಸಿಕೊಂಡು ಬಂದೆ. ಮೊಬೈಲಿನಲ್ಲಿ ಒಬ್ಬ ಹೆಂಗಸು ಹೇಳಿದಂತೆ ಕೋಕೋ ಪುಡಿ, ಸಕ್ಕರೆ, ಮೊಸರು, ಎಣ್ಣೆ, ಅಡುಗೆ ಸೋಡಾ ಬೆರೆಸಿದೆ. ಕುಕ್ಕರಿನ ಗ್ಯಾಸ್ಕೆಟ್ಟು, ವಿಷಲ್ಲು ತೆಗೆದು, ತಳಕ್ಕೆ ಉಪ್ಪು ಹರಡಿ, ಅದರ ಮೇಲೆ ಪಾತ್ರೆ ಇಟ್ಟು ಮುಚ್ಚಿದೆ. ಮುಕ್ಕಾಲು ಗಂಟೆಯ ನಂತರ ತಟ್ಟೆಗೆ ಬೋರಲು ಹಾಕಿದರೆ ಕೇಕು ನಿಲ್ಲಲಿಲ್ಲ, ಸುರಿಯಿತು. ಸುಧಾ ಚಮಚ ತಂದಳು. "ರುಚಿಯಾಗೇ ಇದೆ ರೀ. ಮರಳು ಲಾರಿಯಿಂದ ಇಳಿದ ಹಾಗಿದೆ, ಅಷ್ಟೇ."

ಸೋಮವಾರ ಚೈತ್ರಾಗೆ, ತಾಲೀಮು ನಡೆಯುತ್ತಿದೆ ಎಂದು ಜಂಬದಿಂದ ಹೇಳಿದೆ.

"ಅಕ್ಕಿ ಹಿಟ್ಟು ಎಲ್ಲಿ ತಗೊಂಡ್ರಿ ಸಾರ್?"

"ನಮ್ಮ ಬೀದಿ ಗಿರಣೀಲಿ."

ಅವಳ ಕೈಯ ತುತ್ತು ಅಲ್ಲೇ ನಿಂತಿತು. "ಗಿರಣೀಲಿ ಗೋಧೀನೂ ಬೀಸ್ತಾರಲ್ಲ ಸಾರ್! ಹೋದ ವರ್ಷ ನಮ್ಮಮ್ಮ ಗೊತ್ತಿಲ್ದೆ ಹಾಗೇ ತಂದು ರೊಟ್ಟಿ ಮಾಡಿ, ನಾನು ಆಸ್ಪತ್ರೆ ಸೇರಿದ್ದೆ. ನಮ್ಮಮ್ಮ ಇವತ್ತಿಗೂ ಅದನ್ನ ನೆನೆಸ್ಕೊಂಡು ಅಳ್ತಾರೆ." ಆಮೇಲೆ ನನ್ನನ್ನು ಮೇಲಿಂದ ಕೆಳಗೆ ನೋಡಿ, ನಿಜವಾದ ಆತಂಕದಿಂದ ಕೇಳಿದಳು: "ನಿಮಗೇನೂ ಆಗ್ಲಿಲ್ಲ ತಾನೇ?"

"ಸ್ವಲ್ಪ ಹೊಟ್ಟೆ ನೋವಿತ್ತು," ಎಂದೆ. ಆರು ವರ್ಷದಲ್ಲಿ ಮೊದಲ ಸಲ ಆ ಸುಳ್ಳನ್ನು ಅವಳ ಮುಖ ನೋಡದೆ ಹೇಳಿ ಡಬ್ಬಿ ಮುಚ್ಚಿದೆ. ಮಧ್ಯಾಹ್ನದ ಕರಡುಗಳಲ್ಲಿ ಮೂರು ತಪ್ಪು ಬಿಟ್ಟೆ. ಒಬ್ಬ ವರನ ಹೆಸರು ಅವನ ಮಾವನ ಹೆಸರಿನ ಜಾಗದಲ್ಲಿ ಕೂತಿತ್ತು. ಅಚ್ಚಿಗೆ ಹೋಗುವ ಮುಂಚೆ ಚೈತ್ರಾಳೇ ನೋಡಿ ಸರಿ ಮಾಡಿದಳು.

ಸಂಜೆ ಸುಧಾಗೆ ಹೇಳಿದೆ. ಈ ಸಲ ಅವಳು ನಗಲಿಲ್ಲ. "ನಿಮ್ಮ ನಾಟಕಕ್ಕೆ ಆ ಮಗು ಹೊಟ್ಟೆ ಕೆಡಬಾರ್ದು," ಎಂದು ಸೀರೆ ಸೆರಗು ಸೊಂಟಕ್ಕೆ ಸಿಕ್ಕಿಸಿ ಎದ್ದಳು. ಗೋಧಿ ಹಿಟ್ಟಿನ ಡಬ್ಬ ಪಕ್ಕದ ಮನೆ ಸೇರಿತು. ಅಡುಗೆಕಟ್ಟೆಯನ್ನು ಮೂರು ಸಲ ತೊಳೆದೆವು. ಅಕ್ಕಿ ತೊಳೆದು ಹೊಸ ಪಂಚೆಯ ಮೇಲೆ ಒಣಗಿಸಿ, ಇನ್ನೂ ಏನನ್ನೂ ಕಾಣದ ಹೊಸ ಮಿಕ್ಸಿ ಜಾರಿನಲ್ಲಿ ಪುಡಿ ಮಾಡಿದೆವು. ಜರಡಿ ಹೊಸದು, ಪಾತ್ರೆ ಹೊಸದು. ಬುಧವಾರದ ಕೇಕಿಗೆ ಬಾಳೆಹಣ್ಣು ಜಾಸ್ತಿಯಾಗಿ ಅದು ಹಾಲುಬಾಯಿಯ ಹಾಗೆ ಅಲುಗಾಡಿತು. ಅದನ್ನೇ ರಾತ್ರಿ ಊಟವೆಂದು ತಿಂದೆವು, ಏಕೆಂದರೆ ಮನೆಯಲ್ಲಿ ಚಪಾತಿ ನಿಷೇಧವಾಗಿತ್ತು. ಶುಕ್ರವಾರ ಬೆಳಿಗ್ಗೆ ಅಗಸೆ ಬೀಜದ ಪುಡಿ ನೆನೆಸಿ ಹಾಕಿದೆವು. ಅದು ಅಂಟಿನ ಹಾಗೆ ಹಿಟ್ಟನ್ನು ಹಿಡಿದುಕೊಂಡಿತು. ಕೇಕು ನಿಂತಿತು. ಸುಧಾ ತೆಂಗಿನ ತುರಿಗೆ ಹಾಲು, ಸಕ್ಕರೆ ಹಾಕಿ, ತಳ ಬಿಡುವವರೆಗೆ ಕೆದಕಿ, ಬಿಸಿಯಿರುವಾಗಲೇ ಮೇಲೆ ಹರಡಿದಳು. ಕಪ್ಪು ಕೇಕಿನ ಮೇಲೆ ಅದು ಬೆಳ್ಳಗೆ ಕೂತಿತು. ನಾವಿಬ್ಬರೂ ಒಂದು ಚೂರನ್ನೂ ಮುರಿದು ನೋಡಲಿಲ್ಲ.

ಅಂಗಡಿಯಲ್ಲಿ ಚೈತ್ರಾ ಚಾಕು ಹಿಡಿದು ನಿಂತಳು. "ಬೇರೆ ಯಾರು ಮಾಡಿದ್ರೂ ನಾನು ತಿಂತಿರ್ಲಿಲ್ಲ," ಎಂದಳು ಗೌರಮ್ಮನವರಿಗೆ. "ಮೇಷ್ಟ್ರು ಮಾಡಿದ್ದು ಅಂದ್ರೆ ಕಣ್ಮುಚ್ಕೊಂಡು ತಿನ್ಬಹುದು. ಅವರಿಗೆ ಗೊತ್ತಿರುತ್ತಲ್ಲ."

"ಒಂದು ನಿಮಿಷ ಬಾಮ್ಮ," ಎಂದು ಅವಳನ್ನು ಕಾಗದದ ರೀಮುಗಳಿಟ್ಟಿದ್ದ ಹಿಂದಿನ ಕೋಣೆಗೆ ಕರೆದುಕೊಂಡು ಹೋದೆ. ಪೀಠಿಕೆ ಹಾಕುವ ಧೈರ್ಯ ಬರಲಿಲ್ಲ. "ಚೈತ್ರಾ, ನನಗೆ ಕಾಯಿಲೆಯೂ ಇಲ್ಲ, ಏನೂ ಇಲ್ಲ. ದಿನಾ ರಾತ್ರಿ ಮೂರು ಚಪಾತಿ ತಿಂತೀನಿ. ಒಂದು ಬಿಸ್ಕತ್ತು ತಪ್ಪಿಸ್ಕೊಳ್ಳೋಕೆ ಹೇಳಿದ ಸುಳ್ಳು ಇಲ್ಲೀವರೆಗೂ ಬಂತು. ನನ್ನ ನಂಬಿ ತಿನ್ಬೇಡ. ಈಗ ಯೋಚನೆ ಮಾಡಿ ತಿನ್ನು."

ಅವಳು ಬಯ್ಯಲಿಲ್ಲ. "ಹಾಗಾದ್ರೆ ಇಲ್ಲಿ ನಾನೊಬ್ಬಳೇನಾ ಸಾರ್?" ಎಂದಳು.

ಬಯ್ದಿದ್ದರೆ ಹಗುರವಾಗುತ್ತಿತ್ತು.

ಆಮೇಲೆ ಅವಳು ಪರೀಕ್ಷೆ ಶುರು ಮಾಡಿದಳು. ಅಕ್ಕಿ ಎಲ್ಲಿ ಪುಡಿ ಮಾಡಿದಿರಿ? ಜರಡಿ ಯಾವುದು? ಪಾತ್ರೆ? ಕೋಕೋ ಡಬ್ಬದ ಮೇಲೆ ಬರೆದದ್ದು ಓದಿದಿರಾ? ಬೇಕಿಂಗ್ ಪೌಡರ್ ಹಾಕಿದಿರಾ? ನಾನು ಕೈ ಕಟ್ಟಿಕೊಂಡು ಒಂದೊಂದಕ್ಕೂ ಉತ್ತರ ಕೊಟ್ಟೆ. ಗೋಧಿ ಡಬ್ಬ ಪಕ್ಕದ ಮನೆಗೆ ಹೋದದ್ದನ್ನೂ, ಸೋಮವಾರದಿಂದ ನಾವೂ ಚಪಾತಿ ಬಿಟ್ಟದ್ದನ್ನೂ ಹೇಳಿದೆ. ಅವಳ ತುಟಿ ತುದಿಯಲ್ಲಿ ಸಣ್ಣ ನಗು ಬಂತು. "ನಮ್ಮ ಸ್ವಂತ ಅತ್ತೇನೂ ಇಷ್ಟು ಮಾಡಲ್ಲ ಸಾರ್. ನಡೀರಿ, ಹಸಿವಾಗ್ತಿದೆ." ಎರಡು ತುಂಡು ತಿಂದಳು. ಮೇಲಿನ ತೆಂಗಿನಕಾಯಿಯನ್ನು ಮಾತ್ರ ಕೊನೆಗೆಂದು ಎತ್ತಿಟ್ಟುಕೊಂಡು ತಿಂದಳು.

ಶನಿವಾರ, ಭಾನುವಾರ ಚೈತ್ರಾಗೆ ರಜೆ. ಆ ಎರಡು ದಿನ ನನಗೆ ಅನ್ನವೂ ಸೇರಲಿಲ್ಲ. ಫೋನು ಬಡಿದಾಗಲೆಲ್ಲ ಅವಳ ಮನೆಯಿಂದಲೇ ಇರಬೇಕೆಂದು ಓಡಿಹೋಗಿ ನೋಡಿದೆ. ಸೋಮವಾರ ಬೆಳಿಗ್ಗೆ ಅವಳು ಎಂದಿನಂತೆ ಸ್ಕೂಟರ್ ನಿಲ್ಲಿಸಿ, ಹೆಲ್ಮೆಟ್ ತೆಗೆದು, "ಏನೂ ಆಗಿಲ್ಲ ಸಾರ್, ಉಸಿರು ಬಿಡಿ," ಎಂದಳು. ನಂತರ ದನಿ ತಗ್ಗಿಸಿ, "ಗೌರಮ್ಮೋರಿಗೂ ನೀವೇ ಹೇಳ್ಬೇಕು. ನಾನು ಹೇಳಲ್ಲ," ಎಂದಳು.

ಅಂದೇ ಹೇಳಿದೆ. ಗೌರಮ್ಮನವರು ಪೂಜೆ ಮುಗಿಸಿ ಕೂತಿದ್ದರು. "ಅಮ್ಮಾ, ನನಗೆ ಗೋಧಿ ಆಗುತ್ತೆ."

"ಆಗುತ್ತಾ? ಯಾವಾಗಿಂದ?"

"ಮೊದಲಿಂದಲೂ ಆಗ್ತಿತ್ತಮ್ಮ. ನನಗೆ ಯಾವ ಕಾಯಿಲೆಯೂ ಇಲ್ಲ."

ಅವರು ಕಣ್ಣರಳಿಸಿ ಎರಡೂ ಕೈ ಮೇಲೆತ್ತಿ ಮುಗಿದರು. "ನೋಡಿದ್ರಾ! ಪೂರ್ತಿ ವಾಸಿಯಾಗಿ, ಕಾಯಿಲೆ ಇತ್ತು ಅನ್ನೋದೇ ಮರೆತುಹೋಗಿದೆ. ಯಾವ ಡಾಕ್ಟ್ರು ಮೇಷ್ಟ್ರೇ?"

"ಡಾಕ್ಟ್ರು ಯಾರೂ ಇಲ್ಲಮ್ಮ, ನಾನು ಸುಳ್ಳು..."

"ಓ, ನಾಟಿ ಔಷಧಿನಾ? ಅದಕ್ಕೇ ಹೇಳೋಕೆ ಹಿಂಜರೀತಿದೀರ. ಅಡ್ರೆಸ್ ಕೊಡಿ, ನಮ್ಮ ನಾದಿನಿ ಮಗಳಿಗೂ ಇದೇ ಗೋಳು."

ಮಧ್ಯಾಹ್ನದೊಳಗೆ ಗಲ್ಲಿಯ ನಾಲ್ಕು ಅಂಗಡಿಯವರು ಬಂದು ನನ್ನ ಕೈ ಕುಲುಕಿ ಹೋದರು. ನಿಜ ಹೇಳುವುದಕ್ಕೆ ಬಾಯಿ ತೆರೆದಾಗಲೆಲ್ಲ ಇನ್ನೊಬ್ಬರು ಮೈದುನನ ಅಸ್ತಮಾ, ಅತ್ತಿಗೆಯ ಮಂಡಿನೋವು ಹಿಡಿದುಕೊಂಡು ಬಂದರು. ಸಂಜೆ ಗೌರಮ್ಮನವರು ಪೆನ್ನು, ಚೀಟಿ ತಂದು ನನ್ನ ಮುಂದಿಟ್ಟು ನಿಂತೇಬಿಟ್ಟರು. ಕಂಪ್ಯೂಟರಿನ ಹಿಂದಿನಿಂದ ಚೈತ್ರಾ, "ನನಗೂ ಒಂದು ಕಾಪಿ ಕೊಡಿ ಸಾರ್," ಎಂದು ನಗು ಬಿಗಿಹಿಡಿದು ಹೇಳಿದಳು. ಗೌರಮ್ಮನವರ ಆಸೆ ತುಂಬಿದ ಮುಖ ನೋಡಿ ಇಲ್ಲವೆನ್ನುವುದಾದರೂ ಹೇಗೆ? ನನ್ನ ಕೈ ತಾನಾಗಿ ಪೆನ್ನು ಎತ್ತಿಕೊಂಡಿತು. ಚೈತ್ರಾ ಬಂದು ಕಸಿದುಕೊಳ್ಳುವಷ್ಟರಲ್ಲಿ ಮುದ್ದಾದ ಅಕ್ಷರದಲ್ಲಿ 'ಮಾಗಡಿ ರಸ್ತೆ, ಎರಡನೇ ತಿರುವು' ಎಂಬಲ್ಲಿಗೆ ಬಂದಿದ್ದೆ.