ಎಜ್ರಾ ಪಿಂಕಮ್ ಬೀಳಲಿಲ್ಲ

ಎಜ್ರಾ ಪಿಂಕಮ್‌ನ ಮಾನ ಕಳೆದದ್ದು ಎರಡಕ್ಷರದ ಒಂದು ಮಾತು. ಆ ಮಾತು ‘ಬಿದ್ದೆ’.

ಬ್ರಾಕ್‌ಫರ್ಡ್ ಕಾಲೇಜಿಗೆ ಆ ವರ್ಷವಷ್ಟೇ ಹೊಸ ಆಟ ಬಂದಿತ್ತು. ಹೆಸರಿಗೆ ಫುಟ್‌ಬಾಲ್, ಕಾಲು ಚೆಂಡಿಗೆ ತಗುಲಿದ್ದಕ್ಕಿಂತ ಮನುಷ್ಯರಿಗೆ ತಗುಲಿದ್ದೇ ಹೆಚ್ಚು. ಚೆಂಡನ್ನು ಬಗಲಲ್ಲಿ ಅವುಚಿಕೊಂಡು ಓಡಿ, ಎದುರಾಳಿಗಳ ಗೆರೆಯಾಚೆ ನೆಲಕ್ಕೆ ಮುಟ್ಟಿಸಿದರೆ ಅಂಕ. ತಡೆಯುವವರು ಓಡುವವನನ್ನು ಕೆಡವಬಹುದು, ಎಳೆಯಬಹುದು, ಹೊತ್ತುಕೊಂಡು ಹೋಗಬಹುದು, ಬೇಕಾದರೆ ಮೇಲೆ ಕೂರಬಹುದು. ಇದಕ್ಕೆಲ್ಲ ಕೊನೆ ಯಾವಾಗ ಅಂದರೆ, ಓಡುವವನು ತಾನಾಗಿ ಬಾಯಿಬಿಟ್ಟು ‘ಬಿದ್ದೆ’ ಎಂದು ಕೂಗಿದಾಗ. ಕೂಗಿದನೋ, ಎಲ್ಲರೂ ಎದ್ದು ಮೈ ಕೊಡವಿಕೊಂಡು ಮತ್ತೆ ಸಾಲಾಗಿ ನಿಲ್ಲಬೇಕು.

ಆ ವರ್ಷದ ಮೊದಲ ಆಟದಲ್ಲಿ ಎಜ್ರಾನ ಕೈಗೆ ಚೆಂಡು ಬಂತು. ಎದುರಿಗಿದ್ದ ದಢೂತಿ ಆಸಾಮಿಯೊಬ್ಬ ಜೋರಾಗಿ ಸೀನಿದ. ಎಜ್ರಾ ನಿಂತಲ್ಲೇ ‘ಬಿದ್ದೆ’ ಎಂದು ಕೂಗಿಬಿಟ್ಟ.

ಅಂದಿನಿಂದ ಊರಿಗೆ ಊರೇ ಅವನನ್ನು ಆಡಿಕೊಂಡಿತು. ಮಾಂಸದಂಗಡಿಯವನು ಅವನ ಕೈಗೆ ಪೊಟ್ಟಣ ಕೊಡುವಾಗ “ಹುಷಾರು ಕಣಪ್ಪ, ಭಾರ ಇದೆ” ಅನ್ನುತ್ತಿದ್ದ. ಇಗರ್ಜಿಯಲ್ಲಿ ಹಾಡಲು ಎದ್ದು ನಿಂತರೆ ಹಿಂದಿನ ಬೆಂಚಿನಿಂದ ಯಾರೋ ಮೆಲ್ಲಗೆ ‘ಬಿದ್ದೆ’ ಅನ್ನುತ್ತಿದ್ದರು. ತಂಡದವರೂ ಹೇಳಿಕೊಳ್ಳುವಂಥ ಶೂರರೇನಲ್ಲ. ಎಲ್ಲ ಕಡೆ ಸೋತು ಸುಣ್ಣವಾಗಿದ್ದರು. ಹಲ್ಲಿನ ವೈದ್ಯರ ಕಾಲೇಜಿನವರಂತೂ ಆಟ ಮುಗಿದ ಮೇಲೆ ಮೈದಾನದಲ್ಲಿ ಉದುರಿದ್ದ ಬ್ರಾಕ್‌ಫರ್ಡ್ ಹಲ್ಲುಗಳನ್ನು ಪಾಠಕ್ಕೆ ಬೇಕೆಂದು ಆರಿಸಿಕೊಂಡು ಹೋಗಿದ್ದರು. ಇಷ್ಟಾಗಿಯೂ ಒಂದೇ ಒಂದು ಅಂಕ ಬಂದಿರಲಿಲ್ಲ. ಆದರೂ ಬೈಸಿಕೊಳ್ಳಲು ಎಲ್ಲರಿಗೂ ಸಿಗುತ್ತಿದ್ದವನು ಎಜ್ರಾ ಒಬ್ಬನೇ.

ಕಾಲೇಜಿನ ಮುಖ್ಯಸ್ಥರಾದ ವೀಮ್ಸ್ ಪಾದ್ರಿಗಳಿಗೆ ಈ ಆಟ ಕಂಡರೆ ಆಗದು. ಮೈದಾನದ ಮೇಲೆ ಅವರಿಗೆ ಮೊದಲಿನಿಂದ ಕಣ್ಣು. ಅಲ್ಲಿ ಹುಡುಗರ ಊಟಕ್ಕೆ ಎಲೆಕೋಸು ಬೆಳೆಯಬೇಕೆಂಬುದು ಅವರ ಆಸೆ. ಹಿಂದಿನ ಭಾನುವಾರ ಇಗರ್ಜಿಯ ಪೀಠದ ಮೇಲೆ ನಿಂತೇ ಹೇಳಿದ್ದರು: “ಈ ವರ್ಷದ ಕೊನೇ ಆಟ ಒಂದು ಅಂಕಾನೂ ಇಲ್ದೆ ಮುಗೀತು ಅಂದ್ರೆ, ಮುಗಿದ ಗಳಿಗೇಲೇ ನೇಗಿಲು ಹೂಡಿಸ್ತೀನಿ. ಆಮೇಲೆ ಬ್ರಾಕ್‌ಫರ್ಡಲ್ಲಿ ಈ ಆಟದ ಹೆಸರು ಎತ್ತೋ ಹಾಗಿಲ್ಲ.” ಪೀಠದಿಂದ ಆಡಿದ ಮಾತನ್ನು ವೀಮ್ಸ್ ಪಾದ್ರಿಗಳು ಈವರೆಗೆ ತಪ್ಪಿದವರಲ್ಲ.

ಆ ಕೊನೆಯ ಆಟ ಥ್ಯಾಂಕ್ಸ್‌ಗಿವಿಂಗ್ ಹಬ್ಬದ ದಿನ. ಎದುರಾಳಿಗಳು ಮೇಸನ್ ಫಾಲ್ಸ್ ಕಾಲೇಜಿನವರು.

ಬೆಳಿಗ್ಗೆ ಎಜ್ರಾ ಮಹಡಿಯಿಂದ ಇಳಿದು ಬಂದಾಗ ಬಾಡಿಗೆ ಮನೆಯ ಒಡತಿ ಮಿಸೆಸ್ ಗ್ರಬ್ ಟರ್ಕಿ ಕೋಳಿಯ ಹೊಟ್ಟೆಗೆ ಹೂರಣ ತುಂಬುತ್ತಿದ್ದರು.

“ಇವತ್ತು ಮನೇಲೇ ಇದ್ಬಿಡು ಮಗ. ಈರುಳ್ಳಿ ಹೆಚ್ಕೊಡು. ನೀನು ಹೋಗಿ ಏನು ಕಡಿದು ಕಟ್ಟೆ ಹಾಕ್ಬೇಕಾಗಿದೆ ಅಲ್ಲಿ?”

“ಹೋಗ್ತೀನಿ, ಮಿಸೆಸ್ ಗ್ರಬ್.”

“ಮೈದಾನ ಹೋದ್ರೆ ನಿನ್ನಿಂದ್ಲೇ ಹೋಯ್ತು ಅಂತಾರೆ ಜನ.”

“ಅದಕ್ಕೇ ಹೋಗ್ತಿರೋದು,” ಎಂದ ಎಜ್ರಾ. “ಇವತ್ತು ನನ್ನ ಬಾಯಿಂದ ಆ ಮಾತು ಬರಲ್ಲ. ನನ್ನ ಮೇಲೆ ಮನೆ ಕಟ್ಟಿದ್ರೂ ಬರಲ್ಲ.”

ಅಷ್ಟರಲ್ಲಿ ತಂಡದ ನಾಯಕ ರೂಫಸ್ ಕ್ರೇನ್ ಒಳಗೆ ಬಂದ. ಆರಡಿ ಆಳು. ಬೇಸಿಗೆಯಿಂದ ಕತ್ತರಿ ಕಾಣದ ಕೂದಲು ಅವನ ಹೆಗಲ ಮೇಲಿತ್ತು. ಆಗೆಲ್ಲ ಆಟಗಾರರ ತಲೆಗೆ ಅದೇ ರಕ್ಷೆ. ಅವನ ಕೈಯಲ್ಲಿ ಎಜ್ರಾನ ಆಟದ ಚಲ್ಲಣವಿತ್ತು.

“ಎಜ್ರಾ, ನೀನು ಓಡೋದೇ ಬೇಡ ಕಣೋ. ಓಡಿದ್ರೆ ತಾನೇ ಹೆದರಿಕೆ? ನಾವೇ ನಿನ್ನ ಎತ್ತಿ ಅವರ ತಲೆ ಮೇಲಿಂದ ಆಚೆಗೆ ಎಸೀತೀವಿ. ನಮ್ಮ ಪೈಕಿ ಎತ್ತೋಕೆ ಆಗೋನು ನೀನೊಬ್ಬನೇ. ಆದ್ರೆ ಹಿಡ್ಕೊಳ್ಳೋಕೆ ಏನಾದ್ರೂ ಬೇಕು.”

ಮಿಸೆಸ್ ಗ್ರಬ್ ಕೈ ಒರೆಸಿಕೊಂಡರು. ಮನೆಯಲ್ಲಿರು ಎಂದು ಈಗಷ್ಟೇ ಹೇಳಿದ್ದು ಅವರಿಗೆ ಮರೆತೇ ಹೋಯಿತು. ಒಳಗೆ ಹೋಗಿ ತೀರಿಕೊಂಡ ಗಂಡನ ಪ್ರಯಾಣದ ಪೆಟ್ಟಿಗೆಯಿಂದ ಎರಡು ಚರ್ಮದ ಹಿಡಿಕೆ ಕಿತ್ತು ತಂದು, ಚಲ್ಲಣದ ಎರಡೂ ಬದಿಗೆ ದಬ್ಬಣದಿಂದ ಹೊಲಿದರು. ಅಲ್ಲಿಗೂ ಬಿಡದೆ, ಅವನ ಅಂಗಿಗೆ ಬಾತುಕೋಳಿಯ ಕೊಬ್ಬು ಸವರಿದರು. ಯಾರಾದರೂ ತಬ್ಬಿ ಹಿಡಿದರೆ ಜಾರಲಿ ಎಂದು.

“ಈಗ ನೋಡು,” ಎಂದರು ದೂರ ನಿಂತು. “ನೀನು ಎಲ್ಲಿಗೆ ಬೇಕಾದ್ರೂ ಹೋಗಬಲ್ಲೆ.”

ಮೈದಾನದಲ್ಲಿ ಊರೇ ನೆರೆದಿತ್ತು. ಕಾಲ ವ್ಯರ್ಥವಾಗಬಾರದೆಂದು ವೀಮ್ಸ್ ಪಾದ್ರಿಗಳು ನೇಗಿಲು ಕಟ್ಟಿದ ಕುದುರೆಯನ್ನು ಆಗಲೇ ಬೇಲಿಯ ಪಕ್ಕ ತಂದು ನಿಲ್ಲಿಸಿದ್ದರು. ಮೇಸನ್ ಫಾಲ್ಸಿನವರು ರೈಲಿನಲ್ಲಿ ಬಂದಿಳಿದರು. ತೀರ್ಪುಗಾರರಾದ ಪೀಬಾಡಿ ಮೇಷ್ಟ್ರು ಕೂಡ ಅದೇ ಊರಿನವರು, ಅದೇ ರೈಲಿನಲ್ಲಿ ಬಂದವರು. ಆದರೆ ಮನುಷ್ಯ ನ್ಯಾಯವಂತ. ಅವರ ಕಣ್ಣೆದುರು ಚೆಂಡು ಗೆರೆಯಾಚೆ ನೆಲ ಮುಟ್ಟಿ, ಅವರು ಕೈ ಎತ್ತಿದರೆ ಮಾತ್ರ ಅಂಕ. ಸಂಜೆಯ ರೈಲು ತಪ್ಪಿದರೆ ಹಬ್ಬದೂಟ ತಪ್ಪಿದಂತೆ ಎಂದು ಬಂದವರೆಲ್ಲ ಮೊದಲೇ ಹೇಳಿಕೊಂಡಿದ್ದರು.

ಆಟವನ್ನು ವರ್ಣಿಸುವುದು ಬೇಡ. ಬ್ರಾಕ್‌ಫರ್ಡಿನವರ ಮೇಲೆ ಮೇಸನ್ ಫಾಲ್ಸಿನವರು ಸಂತೆಗೆ ಹೋಗಿ ಬರುವವರ ಹಾಗೆ ಓಡಾಡಿದರು. ಕೆಸರಿನಲ್ಲಿ ಯಾರು ಯಾರೆಂದು ತಾಯಂದಿರಿಗೂ ತಿಳಿಯದೆ ಹೋಯಿತು. ಹೊತ್ತು ಮುಗಿಯುತ್ತ ಬಂದರೂ ಬ್ರಾಕ್‌ಫರ್ಡಿನ ಅಂಕ ಸೊನ್ನೆಯೇ. ವೀಮ್ಸ್ ಪಾದ್ರಿಗಳು ಕುದುರೆಯ ಬೆನ್ನು ತಟ್ಟಿದರು.

“ಇದೇ ಕೊನೇದು,” ಎಂದ ರೂಫಸ್, ಎಜ್ರಾನ ಹೊಟ್ಟೆಗೆ ಚೆಂಡು ಒತ್ತಿ. “ಗಟ್ಟಿಯಾಗಿ ಹಿಡ್ಕೋ. ಉಳಿದದ್ದು ನಮಗೆ ಬಿಡು.”

ಇಬ್ಬರು ಎರಡು ಹಿಡಿಕೆ ಹಿಡಿದು, ಮೂರು ಸಲ ತೂಗಿ, ಎಸೆದರು. ಎಜ್ರಾ ನಿಜವಾಗಿಯೂ ಹಾರಿದ. ಮೇಸನ್ ಫಾಲ್ಸಿನವರ ಸಾಲನ್ನು ದಾಟಿದ. ದಾಟಿ, ಅವರ ನಾಯಕ ಹ್ಯಾಮಂಡನ ತೋಳುಗಳಲ್ಲಿ ಇಳಿದ.

ಹ್ಯಾಮಂಡ್ ಅವನನ್ನು ಅತ್ತಿತ್ತ ತಿರುಗಿಸಿ ನೋಡಿ ಮೆಚ್ಚಿದ. “ಎಷ್ಟು ಒಳ್ಳೇ ಜನ ಕಣ್ರೋ. ಹಿಡ್ಕೊಳ್ಳೋಕೆ ಹಿಡಿಕೆ ಬೇರೆ ಹಾಕ್ಸಿ ಕಳಿಸಿದಾರೆ.”

ಇದು ಮಾತ್ರ ರೂಫಸನಿಗೆ ಹೊಳೆದಿರಲಿಲ್ಲ. ಮೇಸನ್ ಫಾಲ್ಸಿನವರು ಎಜ್ರಾನನ್ನು ಪೆಟ್ಟಿಗೆಯಂತೆ ಎತ್ತಿಕೊಂಡು ಬ್ರಾಕ್‌ಫರ್ಡಿನ ಗೆರೆಯತ್ತಲೇ ಓಡತೊಡಗಿದರು. ಬ್ರಾಕ್‌ಫರ್ಡಿನವರು ಅವನ ಕಾಲುಗಳಿಗೆ ಜೋತುಬಿದ್ದರು. ಒಂದು ಹಿಡಿಕೆ ಕಿತ್ತು ಬಂತು, ಹಿಂದೆಯೇ ಇನ್ನೊಂದು. ಎಜ್ರಾ ಮೈದಾನದ ನಟ್ಟನಡುವೆ ಬೋರಲಾಗಿ ಕೆಸರಿಗೆ ಒರಗಿದ, ಚೆಂಡು ಹೊಟ್ಟೆಯ ಕೆಳಗೆ. ಮತ್ತೆ ಎತ್ತಲು ನೋಡಿದರು, ಕೊಬ್ಬು ಸವರಿದ ಮೈ ಜಾರಿತು. ಕೊನೆಗೆ ಇಡೀ ಮೇಸನ್ ಫಾಲ್ಸ್ ತಂಡ ಅವನ ಮೇಲೆ ಕುಳಿತುಕೊಂಡಿತು.

ಪೀಬಾಡಿ ಮೇಷ್ಟ್ರು ಗಡಿಯಾರ ನೋಡಿ, “ಸಮಯ ಮುಗೀತು. ಹುಡುಗ ಬಿದ್ದೆ ಅಂದ ತಕ್ಷಣ ಆಟಾನೂ ಮುಗೀತು,” ಎಂದು ಸಾರಿದರು.

ಎಲ್ಲರೂ ಕಾದರು. ಹುಡುಗ ಏನೂ ಅನ್ನಲಿಲ್ಲ.

“ಸತ್ನಾ?” ಎಂದು ಮೇಲಿದ್ದವನೊಬ್ಬ ವಿಚಾರಿಸಿದ.

“ಇಲ್ಲ,” ಎಂದಿತು ಕೆಳಗಿನ ದನಿ.

“ಮತ್ತೆ ಹೇಳೋ ಮಾರಾಯ.”

“ಹೇಳಲ್ಲ.”

“ನಾವು ಇಷ್ಟೂ ಜನ ನಿನ್ನ ಮೇಲೆ ಕೂತಿದೀವಿ.”

“ಕೂತ್ಕೊಳ್ಳಿ. ನಾನೇನು ಏಳಿ ಅಂದ್ನಾ?”

ಮೊದಲು ಊರವರು ನಕ್ಕರು. ಆಮೇಲೆ ನಗು ನಿಂತಿತು. ಆಮೇಲೆ ಚಪ್ಪಾಳೆ ಶುರುವಾಯಿತು. ಮಾಂಸದಂಗಡಿಯವನು ಬೇಲಿ ಹತ್ತಿ, “ಬಿಡಬೇಡ ಕಣೋ ಎಜ್ರಾ, ಪ್ರಾಣ ಹೋದ್ರೂ ಬಿಡಬೇಡ,” ಎಂದು ಅರಚಿದ. ಹೋಗುವ ಪ್ರಾಣ ತನ್ನದಲ್ಲದಿದ್ದರೆ ಎಲ್ಲರೂ ಹಾಗೆಯೇ ಅರಚುತ್ತಾರೆ. ಆದರೂ ಎಜ್ರಾನ ಎದೆ ಉಬ್ಬಿತು, ಮೇಲಿನ ಭಾರ ಎಷ್ಟು ಬಿಟ್ಟುಕೊಟ್ಟಿತೋ ಅಷ್ಟು. ಆ ವರ್ಷ ಮೊದಲ ಸಲ ಜನ ಅವನ ಹೆಸರನ್ನು ನಗದೆ ಹೇಳುತ್ತಿದ್ದರು.

ವೀಮ್ಸ್ ಪಾದ್ರಿಗಳು ಕೆಸರಿನಲ್ಲಿ ಮಂಡಿಯೂರಿ, ರಾಶಿಯ ಕೆಳಗೆ ಕಾಣುತ್ತಿದ್ದ ಕಿವಿಯೊಂದಕ್ಕೆ ಮಾತಾಡಿದರು.

“ಮಗು ಎಜ್ರಾ. ಹಠ ಪಾಪ.”

“ಪಾದ್ರಿಗಳೇ, ಅದು ನನ್ನ ಕಿವಿ ಅಲ್ಲ. ನನ್ನದು ಈ ಕಡೆ ಇದೆ.”

ಪಾದ್ರಿಗಳು ಈ ಕಡೆ ಬಂದರು. “ಒಂದು ಮಾತು, ಮಗು. ಹೇಳಿದ್ರೆ ಎಲ್ಲರೂ ಮನೆಗೆ ಹೋಗಿ ಊಟ ಮಾಡಬಹುದು.”

“ಕುದುರೆನ ಮನೆಗೆ ಕಳಿಸಿ, ಆಮೇಲೆ ಮಾತಾಡೋಣ,” ಎಂದ ಎಜ್ರಾ. ಕಾಲೇಜಿನ ಮುಖ್ಯಸ್ಥರಿಗೆ ಹಾಗೆ ಉತ್ತರ ಕೊಟ್ಟವರು ಅದುವರೆಗೆ ಯಾರೂ ಇರಲಿಲ್ಲ.

ಹೊತ್ತು ಇಳಿಯಿತು, ಚಳಿ ಏರಿತು. ದೂರದಲ್ಲಿ ರೈಲು ಕೂಗಿತು. ಮೇಸನ್ ಫಾಲ್ಸಿನವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಅವರ ಕಣ್ಣಿನಲ್ಲಿ ಟರ್ಕಿ ಕೋಳಿ ಇತ್ತು.

“ಮುಂದಿನ ರೈಲು ಯಾವಾಗ?”

“ಇನ್ನು ನಾಳೆಗೇ.”

ಹ್ಯಾಮಂಡ್ ಒಂದು ಗಳಿಗೆ ಯೋಚಿಸಿದ. “ಏಳ್ರೋ,” ಎಂದ.

ರಾಶಿ ಕರಗಿತು. ಎಲ್ಲರೂ ಎದ್ದು ನಿಲ್ದಾಣದತ್ತ ಕಾಲಿಗೆ ಬುದ್ಧಿ ಹೇಳಿದರು. ಎಜ್ರಾ ತಲೆ ಎತ್ತಿ ನೋಡಿದ. ಎದುರಿಗೆ ಇಡೀ ಮೈದಾನ ಖಾಲಿ, ಕೊನೆಯಲ್ಲಿ ಮೇಸನ್ ಫಾಲ್ಸಿನವರ ಬಿಳಿ ಗೆರೆ. ಅವನು ಎದ್ದ. ಕಾಲು ಜೋಮು ಹಿಡಿದಿದ್ದರಿಂದ ಓಡಲಾಗಲಿಲ್ಲ. ಚೆಂಡು ಅವುಚಿಕೊಂಡು ಮದುವೆಗೆ ಹೊರಟವನಂತೆ ಸಾವಕಾಶವಾಗಿ ನಡೆದ. ಊರೆಲ್ಲ ಅವನ ಜೊತೆಗೆ ಬೇಲಿಯುದ್ದಕ್ಕೂ ನಡೆಯಿತು. ಮಿಸೆಸ್ ಗ್ರಬ್ ಅಳುತ್ತಿದ್ದರು. ಅವನಿಗೂ ಕಣ್ಣು ತುಂಬಿತು. ಮುಖವೆಲ್ಲ ಕೆಸರಾಗಿದ್ದರಿಂದ ಯಾರಿಗೂ ಕಾಣಲಿಲ್ಲ.

ಗೆರೆ ದಾಟಿ ಚೆಂಡು ಇಡಲು ಬಗ್ಗಿದ್ದ. ಹಿಂದಿನಿಂದ ರೂಫಸ್ ಓಡಿ ಬಂದು ಅವನ ಕೈ ಹಿಡಿದುಕೊಂಡ.

“ಇಡಬೇಡ, ಇಡಬೇಡ ಕಣೋ. ಮೇಷ್ಟ್ರು ಎಲ್ಲಿ?”

ಎಜ್ರಾ ಸುತ್ತ ನೋಡಿದ. ತೀರ್ಪುಗಾರರು ಎಲ್ಲೂ ಇಲ್ಲ. ಹ್ಯಾಮಂಡ್ ಹೋಗುವಾಗ ಪೀಬಾಡಿ ಮೇಷ್ಟ್ರ ರಟ್ಟೆ ಹಿಡಿದು ಜೊತೆಗೇ ಎಳೆದುಕೊಂಡು ಹೋಗಿದ್ದ. ರೈಲು ಮೈದಾನದ ಪಕ್ಕದಲ್ಲೇ ಹಾದುಹೋಯಿತು. ಕಿಟಕಿಯೊಂದರಲ್ಲಿ ಮೇಷ್ಟ್ರು ಕಾಣಿಸಿಕೊಂಡರು. ಅವರ ಎರಡೂ ಕೈಗಳನ್ನು ಇಬ್ಬರು ಕೆಳಗೆ ಹಿಡಿದುಕೊಂಡಿದ್ದರು.

“ಈಗ ಇಟ್ರೆ ಅಂಕ ಕೊಡೋರು ಯಾರೂ ಇಲ್ಲ,” ಎಂದ ರೂಫಸ್. “ಸೊನ್ನೆಗೇ ಆಟ ಮುಗಿದು ಹೋಗುತ್ತೆ.”

ವೀಮ್ಸ್ ಪಾದ್ರಿಗಳು ಆಗಲೇ ಕುದುರೆಯ ಲಗಾಮು ಹಿಡಿದು ಬರುತ್ತಿದ್ದರು. ರೂಫಸ್ ಅವರಿಗೆ ಅಡ್ಡ ನಿಂತ.

“ಆಟ ಮುಗಿದಿಲ್ಲ, ಪಾದ್ರಿಗಳೇ. ಮುಗಿದ ಗಳಿಗೇಲಿ ಅಂತ ತಾನೇ ತಾವು ಪೀಠದಿಂದ ಹೇಳಿದ್ದು? ಇವನು ಇನ್ನೂ ಬಿದ್ದೆ ಅಂದಿಲ್ಲ. ಚೆಂಡು ಗೆರೆಯಾಚೆ ನೆಲ ಮುಟ್ಟಿಲ್ಲ. ಪೀಬಾಡಿ ಮೇಷ್ಟ್ರು ವಾಪಸ್ ಬರೋವರೆಗೂ ಆಟ ನಡೀತಾನೇ ಇರುತ್ತೆ.”

ಪಾದ್ರಿಗಳು ನಿಂತರು. ಮಾತಿಗೆ ಕಟ್ಟುಬಿದ್ದ ಮನುಷ್ಯ. “ಅವರು ಬರೋದು ಯಾವಾಗ?”

“ಮುಂದಿನ ವರ್ಷ ಹಬ್ಬಕ್ಕೆ.”

ಜನ ಹೋ ಎಂದರು. ಮೈದಾನ ಉಳಿದಿತ್ತು. ಎಜ್ರಾನನ್ನು ಹೆಗಲ ಮೇಲೆ ಹೊತ್ತು ಕುಣಿದರು. ಹೆಗಲ ಮೇಲೆ ಕೂತ ಎಜ್ರಾನಿಗೆ ಲೆಕ್ಕ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು.

“ರೂಫಸ್, ಅಲ್ಲೀವರೆಗೂ ಈ ಚೆಂಡು?”

“ನಿನ್ನ ಹತ್ರಾನೇ. ಪಾಠಕ್ಕೆ, ಪ್ರಾರ್ಥನೆಗೆ, ಸ್ನಾನಕ್ಕೆ, ಎಲ್ಲಿಗೆ ಹೋದ್ರೂ. ಕೆಳಗೆ ಇಟ್ಟೆ ಅಂದ್ರೆ ಮುಗೀತು. ಆ ಮಾತು ಬಾಯಿಗೆ ಬಂತು ಅಂದ್ರೂ ಮುಗೀತು.”

ರಾತ್ರಿಯ ಹಬ್ಬದೂಟಕ್ಕೆ ಮಿಸೆಸ್ ಗ್ರಬ್ ತಂಡದವರನ್ನೂ ಕರೆದಿದ್ದರು. ವೀಮ್ಸ್ ಪಾದ್ರಿಗಳು ಕರೆಯದೆಯೇ ಬಂದು ಎಜ್ರಾನ ಎದುರಿಗೆ ಕುಳಿತರು. ಎಜ್ರಾ ಎಡಗೈಯಲ್ಲಿ ಚೆಂಡು ಹಿಡಿದು ಬಲಗೈಯೊಂದರಲ್ಲೇ ಕೋಳಿಯ ಜೊತೆ ಗುದ್ದಾಡಿದ. ಅವನ ಮೈಯಲ್ಲಿ ನೋಯದ ಜಾಗವಿರಲಿಲ್ಲ.

“ಸುಸ್ತಾಗಿದೀಯ ಮಗು,” ಎಂದರು ಪಾದ್ರಿಗಳು ಅಕ್ಕರೆಯಿಂದ. “ಪಾಪ, ಇವತ್ತು ಮೈದಾನದಲ್ಲಿ ನಿನಗೆ ಏನಾಯ್ತು ಅಂತ ನಿನ್ನ ಬಾಯಿಂದಲೇ ಒಂದ್ಸಲ ಕೇಳೋ ಆಸೆ.”

ಎಜ್ರಾ ಬಾಯಿ ತೆರೆದ. ರೂಫಸ್ ಅದರೊಳಗೆ ಒಂದು ಆಲೂಗೆಡ್ಡೆ ತುರುಕಿದ.

ಊಟವಾದ ಮೇಲೆ ಎಜ್ರಾ ಮಲಗಲು ಮಹಡಿ ಹತ್ತಿದ. ಅಂಗಿಯಿಂದ ಇಳಿದ ಬಾತುಕೋಳಿಯ ಕೊಬ್ಬು ಕಾಲಡಿಯಲ್ಲಿ ಇನ್ನೂ ಉಳಿದಿತ್ತು. ಮೇಲಿನ ಮೆಟ್ಟಿಲಲ್ಲಿ ಜಾರಿದವನು, ಚೆಂಡು ಅವುಚಿಕೊಂಡೇ, ಒಂದು ಮೆಟ್ಟಿಲನ್ನೂ ಬಿಡದೆ ಎಲ್ಲಕ್ಕೂ ತಲೆ ತಗುಲಿಸಿಕೊಂಡು ಕೆಳಗಿನ ಹಜಾರಕ್ಕೆ ಬಂದು ನಿಂತ, ನಿಂತ ಅಂದರೆ ಅಂಗಾತ.

ವೀಮ್ಸ್ ಪಾದ್ರಿಗಳು ದೀಪ ಹಿಡಿದು ಬಂದು ಅವನ ಮೇಲೆ ಬಗ್ಗಿದರು.

“ಏನಾಯ್ತು ಮಗು? ಸಂಕೋಚ ಬೇಡ, ಹೇಳು.”

ಎಜ್ರಾ ಚೆಂಡನ್ನು ಎದೆಗೆ ಒತ್ತಿಕೊಂಡ. ಆ ಮಾತು ನಾಲಿಗೆಯ ತುದಿಗೇ ಬಂದಿತ್ತು. ಜೀವನದಲ್ಲಿ ಮೊದಲ ಸಲ ಅದು ಅಪ್ಪಟ ನಿಜವೂ ಆಗಿತ್ತು.

“ಏನೂ ಇಲ್ಲ, ಪಾದ್ರಿಗಳೇ,” ಎಂದ. “ಮಲ್ಕೊಂಡೆ.”

“ಇಲ್ಲೇ?”

“ಇಲ್ಲೇ. ನನಗೆ ಇಲ್ಲೇ ಇಷ್ಟ.”

ಮಿಸೆಸ್ ಗ್ರಬ್ ಒಂದು ಕಂಬಳಿ ತಂದು ಅವನಿಗೆ ಹೊದಿಸಿದರು. ಪಾದ್ರಿಗಳು ಕುರ್ಚಿಯೊಂದನ್ನು ಅವನ ತಲೆಯ ಹತ್ತಿರ ಎಳೆದುಕೊಂಡು ಕುಳಿತು, ಕುಂಬಳಕಾಯಿ ಕಡುಬಿನ ತಟ್ಟೆಯನ್ನು ತೊಡೆಯ ಮೇಲೆ ಇಟ್ಟುಕೊಂಡರು.

“ನನಗೂ ಏನೂ ಅವಸರ ಇಲ್ಲ,” ಎಂದರು.