ಒಂದೇ ಮಾತಿನ ಪಾತ್ರ

ಗಡಿಯಾರ ರಿಪೇರಿಯವರಿಗೆ ನಾಟಕದ ಹುಚ್ಚು; ಹೆಂಡತಿಗೆ ನಾಟಕವೆಂದರೆ ಆಗದು. ಅಂಥವಳನ್ನೇ ರಂಗಕ್ಕೆ ಎಳೆದು ತಂದದ್ದು ಅವರ ಸ್ವಯಂಕೃತಾಪರಾಧ. ನಾಟಕದ ಮೂರನೇ ಜೋಡಿಯಲ್ಲಿ ಇವರಿಗೆ ಹೆಂಡತಿಯಾಗಬೇಕಿದ್ದ ಟೀಚರಮ್ಮ ಕಾಲು ಉಳುಕಿಸಿಕೊಂಡಾಗ, "ನಮ್ಮನೆಯವಳೇ ಇದಾಳಲ್ಲ" ಎಂದು ಬಾಯಿ ಬಿಟ್ಟವರು ಇವರೇ.

ನಾಟಕದ ಕಥೆ ಇಷ್ಟೇ. ಸಂಸಾರ ಮಾಡಿ ತಲೆ ನರೆತ ಮೂರು ಜೋಡಿಗಳಿಗೆ, ತಮ್ಮ ಮದುವೆ ಮಾಡಿಸಿದ ಅಧಿಕಾರಿಗೆ ಆ ಅಧಿಕಾರವೇ ಇರಲಿಲ್ಲವೆಂದು ತಿಳಿಯುತ್ತದೆ. ಮದುವೆ ಸಿಂಧುವೋ ಅಸಿಂಧುವೋ ಎಂದು ಎರಡು ಅಂಕ ಕಿತ್ತಾಡಿ, ಕೊನೆಗೆ ಗಂಡಂದಿರು ಮಂಡಿಯೂರಿ, "ಮತ್ತೆ ನನ್ನನ್ನೇ ಮದುವೆ ಆಗ್ತೀಯಾ?" ಎನ್ನಬೇಕು. ಹೆಂಡತಿಯರು "ಆಗ್ತೀನಿ" ಎನ್ನಬೇಕು. ಮೂರನೆಯವಳಿಗೆ ನಾಟಕದಲ್ಲಿ ಇರುವುದು ಆ ಒಂದೇ ಮಾತು.

ಅದನ್ನೂ ರಿಪೇರಿಯವರು ವಾರವಿಡೀ ಅಡುಗೆಮನೆಯಲ್ಲಿ ನಿಂತು ತಿದ್ದಿದರು.

"ಸಂತೋಷಕ್ಕೆ ಕಣ್ಣಲ್ಲಿ ನೀರು ಬರ್ಬೇಕು ಕಣೇ."

"ಈರುಳ್ಳಿ ಹೆಚ್ತಿದೀನಿ, ಬರುತ್ತೆ ತಾಳಿ."

ಪ್ರದರ್ಶನದ ದಿನ ಮೊದಲೆರಡು ಜೋಡಿಗಳ ಮರುಮದುವೆ ಸಲೀಸಾಗಿ ಮುಗಿಯಿತು. ರಿಪೇರಿಯವರು ಮಂಡಿಯೂರಿ (ಲಟಕ್ಕೆಂದ ಸದ್ದು ಮುಂದಿನ ಸಾಲಿಗೂ ಕೇಳಿಸಿತಂತೆ) ಗದ್ಗದ ಕಂಠದಿಂದ ಕೇಳಿದರು. ಆಕೆ ಅವರ ಮುಖವನ್ನೇ ನೋಡುತ್ತ ಸುಮ್ಮನೆ ನಿಂತಳು. ಮಾತು ಮರೆತಳೆಂದೇ ಅವರು ತಿಳಿದರು.

"ಆಗ್ತೀನಿ ಅನ್ನೇ" ಎಂದು ಹಲ್ಲು ಕಚ್ಚಿಕೊಂಡು ಪಿಸುಗುಟ್ಟಿದರು.

"ತಡೀರಿ, ಯೋಚನೆ ಮಾಡ್ತಿದೀನಿ" ಎಂದಳು, ಸಭೆಗೆಲ್ಲ ಕೇಳುವಂತೆ.

ಜನ ಬಿದ್ದು ಬಿದ್ದು ನಕ್ಕರು. ರಿಪೇರಿಯವರಿಗೆ ನಗು ಬರಲಿಲ್ಲ. ನಿಜವಾಗಿಯೇ ಕೇಳಿದರೆ ಇವಳು ಒಪ್ಪುತ್ತಾಳೆಯೇ? ಇಷ್ಟು ವರ್ಷ ತಲೆಗೇ ಬಾರದ ಪ್ರಶ್ನೆ. ಉತ್ತರ ತಿಳಿಯುವ ಕುತೂಹಲವೂ ಹೌದು, ಭಯವೂ ಹೌದು. ಆಕೆ ಹಳೇ ಬೀರು ಕೊಳ್ಳಲು ಬಂದವರಂತೆ ಅವರನ್ನು ಒಂದು ಸುತ್ತು ಹಾಕಿ, ಹಿಂದೆ ಮುಂದೆ ನೋಡಿ, "ಆಗ್ಲಿ, ಹೇಳಿ ಕಳಿಸ್ತೀನಿ" ಎಂದಳು. ಚಪ್ಪಾಳೆಯ ಮಧ್ಯೆ ಪರದೆ ಬಿತ್ತು.

ಮನೆಯ ದಾರಿಯಲ್ಲಿ ಅವರಿಗೆ ತಡೆಯಲಾಗಲಿಲ್ಲ.

"ಮಾತು ಮರ್ತಿದ್ಯಾ?"

"ಇಲ್ಲ."

"ಮತ್ಯಾಕೆ ಹೇಳ್ಲಿಲ್ಲ?"

"ಅವತ್ತು ಮದುವೆಗೆ ಮುಂಚೆ ನಮ್ಮಪ್ಪನ್ನ ಕೇಳಿದ್ರಿ, ನಿಮ್ಮಮ್ಮನ್ನ ಕೇಳಿದ್ರಿ, ನಮ್ಮ ಸೋದರಮಾವನ್ನೂ ಕೇಳಿದ್ರಿ. ನನ್ನ ಯಾರೂ ಕೇಳಿರ್ಲಿಲ್ಲ. ಇವತ್ತು ನೀವು ಕೇಳಿದ್ರಿ. ಕೇಳಿಸ್ಕೊಳ್ಳೋಕೆ ಚೆನ್ನಾಗಿತ್ತು. ತಕ್ಷಣ ಆಗ್ತೀನಿ ಅಂದ್ಬಿಟ್ರೆ ಮುಗಿದೇ ಹೋಗ್ತಿತ್ತಲ್ಲ."

ರಿಪೇರಿಯವರು ಥಟ್ಟನೆ ನಿಂತರು. ಕಂಡವರು ಏನಂದುಕೊಂಡಾರೆಂದೂ ನೋಡದೆ ನಡುಬೀದಿಯಲ್ಲೇ ಮಂಡಿಯೂರಿದರು.

"ಹಾಗಾದ್ರೆ ಈಗ ಕೇಳ್ತೀನಿ. ಆಗ್ತೀಯಾ?"

"ಮೊದ್ಲು ಎದ್ದೇಳಿ. ಆ ಪ್ಯಾಂಟು ಒಗೆಯೋಳು ನಾನು."

ಅದು ಒಪ್ಪಿಗೆಯೇ ಎಂದು ಇನ್ನೊಮ್ಮೆ ಕೇಳುವ ಧೈರ್ಯ ಅವರಿಗೆ ಬರಲಿಲ್ಲ. ಧೂಳು ಕೊಡವಿಕೊಂಡು ಆಕೆಯ ಹಿಂದೆ ನಡೆದರು.