ಉಪ್ಪಿನ ಸಂಖ್ಯಾರೇಖೆ

ಮೇಷ್ಟ್ರು: ‘ರುಚಿಗೆ ತಕ್ಕಷ್ಟು’ ಅನ್ನೋದೂ ಒಂದು ಅಳತೆಯೇನೇ? ಮೂವತ್ತು ವರ್ಷ ಲೆಕ್ಕ ಹೇಳ್ಕೊಟ್ಟವನು ನಾನು. ಸಂಖ್ಯೆ ಹೇಳು.

ಹೆಂಡತಿ: ಮೂವತ್ತು ವರ್ಷ ಕೂತು ಉಂಡವರೂ ನೀವೇ. ಆಗ ನಾಲಿಗೆ ಎಲ್ಲಿಟ್ಟಿದ್ರಿ?

(ಹೆಂಡತಿಯ ಮುರಿದ ಬಲಗೈಗೆ ಪ್ಲಾಸ್ಟರ್ ಬಿದ್ದಿತ್ತು. ಮೇಷ್ಟ್ರು ಹುಟ್ಟಿದ ಮೇಲೆ ಮೊದಲ ಸಲ ಒಲೆಯ ಮುಂದೆ ನಿಂತಿದ್ದರು, ಅದೂ ಸೂಪು ಮಾಡಲು. ಮಧ್ಯಾಹ್ನ ಊಟಕ್ಕೆ ಹೆಂಡತಿಯ ಅಕ್ಕ ಬರುವವರಿದ್ದರು. “ನಿನ್ನ ಗಂಡನ ಅಡುಗೆ ಬಾಯಿಗಿಡೋ ಹಾಗಿಲ್ಲದಿದ್ರೆ, ಕೈ ಕೂಡೋ ತನಕ ನನ್ನ ಮನೇಲೇ ಇರಬೇಕು” ಎಂದು ಫೋನಿನಲ್ಲೇ ತೀರ್ಪು ಕೊಟ್ಟಾಗಿತ್ತು.)

ಹೆಂಡತಿ: ಅಕ್ಕನ ಮನೇಲಿ ಆರು ವಾರ! ಕೂತರೂ ತಪ್ಪು, ನಿಂತರೂ ತಪ್ಪು. ನಿಮ್ಗೆ ಕೈ ಮುಗೀತೀನಿ ರೀ, ಕೆಡಿಸ್ಬೇಡಿ.

ಮೇಷ್ಟ್ರು: ಮುಗಿಯೋಕೆ ಇರೋದು ಒಂದೇ ಕೈ. ಉಪ್ಪೆಷ್ಟು ಹೇಳು.

ಹೆಂಡತಿ: ಒಂದು ಚಮಚಕ್ಕೆ ಕಮ್ಮಿ ಆಗ್ಬಾರ್ದು. ಎರಡು ಮುಟ್ಲೇಬಾರ್ದು.

ಮೇಷ್ಟ್ರು: ಆಹಾ! ಇದಪ್ಪಾ ಲೆಕ್ಕದಲ್ಲಿ ಅಸಮಾನತೆ ಅಂದ್ರೆ!

ಹೆಂಡತಿ: ಅದು ಈ ಮನೇಲಿ ಮದುವೆ ಆದಾಗಿಂದ ಇದೆ.

(ಮೇಷ್ಟ್ರು ಒಳಗೆ ಹೋಗಿ, ಅಲ್ಲಿ ಇಲ್ಲಿ ತಡಕಾಡಿ ಸೀಮೆಸುಣ್ಣ ತಂದರು. ಅಡುಗೆಮನೆಯ ಗೋಡೆಗೆ 1 ≤ ಉ < 2 ಎಂದು ಬರೆದು, ಕೆಳಗೆ ಉದ್ದ ಗೆರೆ ಎಳೆದರು. ಒಂದರ ಮೇಲೆ ತುಂಬಿದ ಚುಕ್ಕೆ, ಎರಡರ ಮೇಲೆ ಖಾಲಿ ಸುತ್ತು, ನಡುವೆಲ್ಲ ದಪ್ಪಗೆ ತಿದ್ದಿದರು.)

ಹೆಂಡತಿ: ಒಂದಕ್ಕೆ ಬೊಟ್ಟು, ಎರಡಕ್ಕೆ ಬರೀ ಬಳೆ. ಅದ್ಯಾಕೆ ಹಂಗೆ?

ಮೇಷ್ಟ್ರು: ಬೊಟ್ಟಿದ್ರೆ ಆ ಸಂಖ್ಯೇನೂ ಸೇರ್ತು. ಬಳೆಯಿದ್ರೆ ಹತ್ತಿರ ಹೋಗ್ಬಹುದು, ಮುಟ್ಟೋ ಹಾಗಿಲ್ಲ.

ಹೆಂಡತಿ: ಅಕ್ಕನ ಮನೆ ಶೋಕೇಸ್ ಥರ.

ಮೇಷ್ಟ್ರು: ದಪ್ಪ ಗೆರೆ ಮೇಲೆ ಎಲ್ಲಿ ನಿಂತ್ರೂ ಉತ್ತರ ಸರಿ.

(ಹೆಂಡತಿ ಅಕ್ಕ ಬಂದರೇನೋ ಎಂದು ಕಿಟಕಿಯಲ್ಲಿ ಇಣುಕಿ ಬಂದಳು. ಅಷ್ಟರಲ್ಲಿ ಮೇಷ್ಟ್ರು ಕೈ ಒರೆಸಿಕೊಳ್ಳುತ್ತಿದ್ದರು.)

ಮೇಷ್ಟ್ರು: ಹಾಕಾಯ್ತು. ಒಂದೂಮುಕ್ಕಾಲು ಚಮಚ.

ಹೆಂಡತಿ: ಅಯ್ಯೋ ರಾಮ! ನೀವು ಸೀಮೆಸುಣ್ಣ ಹುಡುಕ್ತಿದ್ದಾಗ್ಲೇ ಎಡಗೈಲಿ ನಾನು ಒಂದೂವರೆ ಹಾಕಿದ್ದೆ!

ಮೇಷ್ಟ್ರು: ಯಾಕೆ ಹಾಕ್ದೆ?

ಹೆಂಡತಿ: ನಿಮ್ಮನ್ನ ನಂಬ್ಕೊಂಡು ಕೂತಿರ್ಲಾ?

ಮೇಷ್ಟ್ರು: ನಿನ್ನ ಉತ್ತರಾನೂ ಸರಿ, ನನ್ನದೂ ಸರಿ...

ಹೆಂಡತಿ: ಕೂಡ್ಸಿ, ಮೇಷ್ಟ್ರೇ, ಕೂಡ್ಸಿ!

ಮೇಷ್ಟ್ರು: ಮೂರೂಕಾಲು. (ಗೋಡೆ ನೋಡುತ್ತಾ) ಗೆರೆ ದಾಟಿ ಕಿಟಕೀಗೆ ಹೋಯ್ತಲ್ಲೇ!

(ಕರೆಗಂಟೆ ಸದ್ದಾಯಿತು. ಅಕ್ಕ ಬಂದರು, ಕೂತರು, ಒಂದು ಚಮಚ ಬಾಯಿಗಿಟ್ಟು ಕಣ್ಣು ಮುಚ್ಚಿಕೊಂಡರು.)

ಅಕ್ಕ: ತಂಗೀ, ಬಟ್ಟೆ ತುಂಬ್ಕೋ. ಹೊರಡೋಣ.

(ಹೆಂಡತಿ ಎಡಗೈಯಲ್ಲಿ ಬಟ್ಟಲೆತ್ತಿ ಗಟಗಟನೆ ಕುಡಿದಳು. ಕಣ್ಣಲ್ಲಿ ನೀರು ಬಂತು.)

ಹೆಂಡತಿ: ಯಾಕಕ್ಕಾ, ಹದವಾಗಿದ್ಯಲ್ಲ! ರೀ, ಇನ್ನೊಂದು ಬಟ್ಟಲು ಹಾಕಿ.

(ಎರಡನೆಯದೂ ಬರಿದಾಯಿತು. ಅದನ್ನು ಕಂಡ ಮೇಷ್ಟ್ರು ತಮ್ಮ ಪಾಲನ್ನು ಒಂದೇ ಗುಟುಕಿಗೆ ಇಳಿಸಿ ಕೆಮ್ಮಿದರು. ಅಕ್ಕ ಇಬ್ಬರ ಮುಖವನ್ನೂ ನೋಡಿ, ನೀರಿನ ಜಗ್ಗನ್ನು ತಂಗಿಯ ಕಡೆಗೆ ತಳ್ಳಿದರು.)

ಅಕ್ಕ: ಇವರನ್ನ ಬಿಟ್ಟು ಬರಲ್ಲ ಅಂತ ಬಾಯಲ್ಲಿ ಹೇಳಿದ್ರೆ ಸಾಕಿತ್ತಲ್ಲೇ. ಅದಕ್ಕೆ ಇಷ್ಟು ಉಪ್ಪು ಬೇಕಿತ್ತಾ?